ಒಂದು ಹಗಲಿಗೆ ಎಷ್ಟು ಹಂಪಿ?

ಡಿಸೆಂಬರ್ ಬಂತೆಂದರೆ ಕಮಲಾಪುರಕ್ಕೆ ಬೆಳಗಾಗುವುದೇ ಬಸ್ಸುಗಳ ಸದ್ದಿನಿಂದ. ಹಿಂದಿನ ರಾತ್ರಿ ಊಟ ಮುಗಿಸಿ ಹೊರಟ ಶಾಲಾ ಪ್ರವಾಸದ ಬಸ್ಸುಗಳು ನಸುಕಿನಲ್ಲಿ ಬಂದು ಸಾಲಾಗಿ ನಿಲ್ಲುತ್ತವೆ. ಸ್ವೆಟರು, ಮಂಕಿ ಟೋಪಿ ಹಾಕಿಕೊಂಡ ಮಕ್ಕಳು ಕಣ್ಣುಜ್ಜುತ್ತ ಇಳಿಯುತ್ತಾರೆ. ರಸ್ತೆ ಬದಿಯಲ್ಲಿ ಮೂರು ಕಲ್ಲು ಹೂಡಿ ಉಪ್ಪಿಟ್ಟಿಗೆ ಒಗ್ಗರಣೆ ಬೀಳುವಷ್ಟರಲ್ಲಿ ಗೈಡ್ ಒಬ್ಬರು ಬಂದು ಮೇಷ್ಟ್ರ ಮುಂದೆ ನಿಲ್ಲುತ್ತಾರೆ. "ಎಷ್ಟೊತ್ತು ಐತ್ರೀ ಸರ್ ನಿಮ್ಮ ಕಡೆ?" ಮೇಷ್ಟ್ರ ಉತ್ತರ ಬಹುಮಟ್ಟಿಗೆ ಒಂದೇ: "ಸಂಜೆ ಹೊತ್ತಿಗೆ ಟಿ.ಬಿ. ಡ್ಯಾಂ ಮುಟ್ಟಬೇಕು ನೋಡಿ."

ಬೆಳಗಿನಿಂದ ಸಂಜೆಯವರೆಗೆ, ಊಟ ತಿಂಡಿ ಸೇರಿ ಹತ್ತು ಗಂಟೆ. ಎದುರಿಗಿರುವುದು ಎರಡು ಶತಮಾನಕ್ಕೂ ಹೆಚ್ಚು ಕಾಲ ದಕ್ಷಿಣ ಭಾರತದ ದೊಡ್ಡ ಭಾಗವನ್ನು ಆಳಿದ ರಾಜಧಾನಿ. 1986ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಹಂಪಿಯ ವಿಸ್ತೀರ್ಣ 4,187 ಹೆಕ್ಟೇರ್. ಅಲ್ಲಿ ಉಳಿದಿರುವ ಅವಶೇಷಗಳ ಸಂಖ್ಯೆ 1,600ಕ್ಕೂ ಮಿಕ್ಕಿ. ಹತ್ತು ಗಂಟೆಯನ್ನು ಹಂಚಿದರೆ ಒಂದೊಂದಕ್ಕೆ ಅರ್ಧ ನಿಮಿಷವೂ ಬೀಳದು. ಆದ್ದರಿಂದ "ಎಲ್ಲ ನೋಡಿಕೊಂಡು ಬಂದೆವು" ಎಂಬ ಮಾತನ್ನು ಮನೆಯವರು ನಂಬಬೇಕಾಗಿಲ್ಲ. ನಾಡಿನ ಎಷ್ಟೋ ಮಕ್ಕಳಿಗೆ ತಾಲ್ಲೂಕಿನ ಗಡಿ ದಾಟಿದ ಮೊದಲ ಪ್ರಯಾಣ ಇದು. ಕೆಲವರಿಗೆ ಶಾಲೆಯ ಕಾಲದಲ್ಲಿ ಸಿಗುವ ಪ್ರಯಾಣವೂ ಇದೊಂದೇ. ಆ ಒಂದು ದಿನದಲ್ಲಿ ನಲವತ್ತು ಸ್ಥಳಗಳ ಹೆಸರು ಬರೆದುಕೊಂಡು ಬರುವುದಕ್ಕಿಂತ ಏಳೆಂಟು ಕಡೆ ನಿಂತು, ಗೈಡ್ ಹೇಳಿದ್ದನ್ನು ಕೇಳಿ, ಆಮೇಲೆ "ಇದು ಹೇಗೆ ಗೊತ್ತಾಯಿತು?" ಎಂದು ಒಂದು ಪ್ರಶ್ನೆ ಹಾಕಿ ಬರುವುದು ಹೆಚ್ಚು ಲಾಭದ ಕೆಲಸ.

ಗೈಡ್ ಬೇಕೇ ಎಂಬ ಚರ್ಚೆ ಪ್ರತಿ ಬಸ್ಸಿನಲ್ಲೂ ನಡೆಯುತ್ತದೆ. ಫೀಸು ಉಳಿಸಲು ಮೇಷ್ಟ್ರೇ ಫಲಕ ಓದಿ ಹೇಳುವುದುಂಟು. ಇದು ತಪ್ಪು ಉಳಿತಾಯ. ಪ್ರವಾಸೋದ್ಯಮ ಇಲಾಖೆಯಿಂದ ತರಬೇತಿ, ಗುರುತಿನ ಚೀಟಿ ಪಡೆದ ಮಾರ್ಗದರ್ಶಿಗಳು ಇಲ್ಲಿದ್ದಾರೆ. ಯಾವ ಕಲ್ಲಿನ ಮೇಲೆ ಯಾವ ಹೊತ್ತಿಗೆ ಬೆಳಕು ಬೀಳುತ್ತದೆ, ಎಲ್ಲಿ ನಿಂತರೆ ಯಾವುದು ಕಾಣುತ್ತದೆ ಎಂಬುದು ಅವರಿಗೆ ಅಂಗೈಯ ಗೆರೆಯಷ್ಟು ಪರಿಚಯ. ತೊಂದರೆ ಏನೆಂದರೆ ಅರವತ್ತು ಮಕ್ಕಳಿಗೆ ಒಬ್ಬರೇ ಗೈಡ್. ಹಿಂದಿನ ಸಾಲಿನ ನಲವತ್ತು ಮಂದಿಗೆ ಕೇಳಿಸುವುದು ಗಾಳಿಯ ಸದ್ದು ಮಾತ್ರ. ಎರಡು ಗುಂಪು, ಇಬ್ಬರು ಗೈಡ್. ಖರ್ಚು ಹೆಚ್ಚಾಗುತ್ತದೆ ನಿಜ. ಪೋಷಕರ ಸಭೆಯಲ್ಲಿ ಬಸ್ಸಿನ ವಿಡಿಯೊ, ಟೋಪಿ, ಗ್ರೂಪ್ ಫೋಟೊಗಳ ಲೆಕ್ಕ ಬಂದಾಗ ಇದನ್ನೂ ಪಕ್ಕದಲ್ಲಿಟ್ಟು ತೂಗಿ ನೋಡಬಹುದು.

ಬೆನ್ನ ಮೇಲೆ ಉಳಿದ ಕೈ

ಸಾಮಾನ್ಯವಾಗಿ ದಿನ ಆರಂಭವಾಗುವುದು ವಿರೂಪಾಕ್ಷನ ಗುಡಿಯಿಂದ. ಕಮಲಾಪುರದಿಂದ ನಾಲ್ಕು ಕಿಲೋಮೀಟರ್. ವಿಜಯನಗರದ ಅರಮನೆಗಳು ಹೋದವು, ಪೇಟೆಗಳು ಹೋದವು. ಇಲ್ಲಿ ಮಾತ್ರ ಪೂಜೆಯ ಗಂಟೆ ಈಗಲೂ ಕೇಳುತ್ತದೆ. ರಂಗಮಂಟಪದ ಮುಂದಿರುವ 1510ರ ಶಾಸನ ಕೃಷ್ಣದೇವರಾಯನ ಪಟ್ಟಾಭಿಷೇಕದ ಸಂದರ್ಭದಲ್ಲಿ ಆದ ಕೆಲಸವನ್ನು ಹೇಳುತ್ತದೆ. ಮಕ್ಕಳಿಗೆ ಅದಕ್ಕಿಂತ ಹಿಡಿಸುವುದು ಹಿಂಭಾಗದ ಕತ್ತಲೆ ಕೋಣೆ. ಅಲ್ಲಿನ ಸಣ್ಣ ಕಿಂಡಿಯ ಮೂಲಕ ಎದುರಿನ ಗೋಡೆಯ ಮೇಲೆ ರಾಜಗೋಪುರದ ಬಿಂಬ ತಲೆಕೆಳಗಾಗಿ ಬೀಳುತ್ತದೆ. "ದೇವರ ಮಹಿಮೆ" ಎಂದು ಯಾರೋ ಹೇಳುತ್ತಾರೆ. ಬೆಳಕು ನೇರ ರೇಖೆಯಲ್ಲಿ ಹೋಗುತ್ತದೆ, ಗೋಪುರದ ತುದಿಯಿಂದ ಬಂದ ಕಿರಣ ಕಿಂಡಿ ದಾಟಿ ಕೆಳಕ್ಕೇ ಇಳಿಯಬೇಕು, ಬುಡದಿಂದ ಬಂದದ್ದು ಮೇಲಕ್ಕೆ ಏರಬೇಕು ಎಂದು ವಿಜ್ಞಾನದ ಮೇಷ್ಟ್ರು ಅಲ್ಲೇ ನಿಂತು ಹೇಳಿದರೆ, ಪಠ್ಯಪುಸ್ತಕದ ಸೂಜಿರಂಧ್ರ ಕ್ಯಾಮೆರಾ ಮತ್ತೆ ಮರೆಯುವುದಿಲ್ಲ.

ಸಾಸಿವೆಕಾಳು ಗಣೇಶ, ಕಡಲೆಕಾಳು ಗಣೇಶಗಳ ಮುಂದೆ ಫೋಟೊ ಆಗುತ್ತದೆ. ಒಂದು ಹೊತ್ತು ನಿಲ್ಲಬೇಕಾದದ್ದು ನರಸಿಂಹನ ಮುಂದೆ. ಒಂದೇ ಬಂಡೆಯಲ್ಲಿ ಕಡೆದ, 6.7 ಮೀಟರ್ ಎತ್ತರದ ಮೂರ್ತಿ. ಹೊರಚಾಚಿದ ಕಣ್ಣು, ಕೋರೆಹಲ್ಲು, ಏಳು ಹೆಡೆಯ ಸರ್ಪ. ಜನ ಇದನ್ನು "ಉಗ್ರ ನರಸಿಂಹ" ಎಂದೇ ಕರೆಯುತ್ತಾರೆ, ಪೋಸ್ಟ್‌ಕಾರ್ಡಿನಲ್ಲೂ ಹಾಗೇ ಅಚ್ಚಾಗಿದೆ. ಒಳ್ಳೆಯ ಗೈಡ್ ಆದರೆ ಮಕ್ಕಳನ್ನು ಪಕ್ಕಕ್ಕೆ ಕರೆದು ಕೇಳುತ್ತಾರೆ: "ಬೆನ್ನ ಕಡೆ ನೋಡ್ರಿ ತಮ್ಮಾ, ಏನು ಕಾಣ್ತದ?" ನರಸಿಂಹನ ಬೆನ್ನನ್ನು ಬಳಸಿದ ಪುಟ್ಟ ಕೈಯೊಂದು ಅಲ್ಲಿ ಉಳಿದಿದೆ. ಉಂಗುರ ತೊಟ್ಟ ಹೆಣ್ಣಿನ ಕೈ. ತೊಡೆಯ ಮೇಲೆ ಕುಳಿತಿದ್ದ ಲಕ್ಷ್ಮಿ ಒಡೆದುಹೋಗಿದ್ದಾಳೆ, ಅವಳ ಕೈ ಮಾತ್ರ ಹೋಗಿಲ್ಲ. ಅಂದಮೇಲೆ ಇವನು ಉಗ್ರನಲ್ಲ, ಲಕ್ಷ್ಮೀನರಸಿಂಹ. 1528ರಲ್ಲಿ ಕೃಷ್ಣದೇವರಾಯ ಇದನ್ನು ಪ್ರತಿಷ್ಠಾಪಿಸಿದ್ದಕ್ಕೆ ಅಲ್ಲೇ ಶಾಸನವಿದೆ. ಮೊಣಕಾಲುಗಳನ್ನು ಸುತ್ತಿದ ಪಟ್ಟಿ ಕಂಡಿತೇ? ಅದರ ಕಲ್ಲು ಹೊಸದು, ದುರಸ್ತಿಯ ಕಾಲದಲ್ಲಿ ಕೂಡಿಸಿದ್ದು. ಒಂದು ಮೂರ್ತಿಯಲ್ಲಿ ಹಳೆಯದೆಷ್ಟು, ಒಡೆದದ್ದೆಷ್ಟು, ಸೇರಿಸಿದ್ದೆಷ್ಟು ಎಂದು ಬೇರ್ಪಡಿಸಿ ನೋಡಲು ಹತ್ತು ನಿಮಿಷ ಸಾಕು. ಇತಿಹಾಸಕಾರ ಮಾಡುವ ಕೆಲಸವೂ ಇದೇ ಎಂದು ಆ ಹತ್ತು ನಿಮಿಷದ ಕೊನೆಗೆ ಹೇಳಿದರೆ ಮಕ್ಕಳಿಗೆ ಅರ್ಥವಾಗುತ್ತದೆ.

ಪಕ್ಕದ ಬಡವಿಲಿಂಗದ ಬುಡದಲ್ಲಿ ಸದಾ ನೀರು. ಬಡವಿಯೊಬ್ಬಳು ಮಾಡಿಸಿದ ಲಿಂಗ ಎಂಬ ಕಥೆಯನ್ನು ಗೈಡ್ ಹೇಳುತ್ತಾರೆ. ನೀರಿನ ಕಥೆ ಬೇರೆ: ಅದು ಬರುವುದು ಕಾಲುವೆಯಿಂದ. ರಾಯರ ಕಾಲದ ಕಾಲುವೆಗಳು ಹಂಪಿಯ ಬಾಳೆ ತೋಟ, ಗದ್ದೆಗಳಿಗೆ ಇಂದಿಗೂ ನೀರುಣಿಸುತ್ತಿವೆ. ಗೋಪುರಗಳು ಅವಶೇಷವಾದರೂ ಕಾಲುವೆಗಳು ಕೆಲಸ ಬಿಟ್ಟಿಲ್ಲ.

ತಿಂಡಿಗೆ ಬಸ್ಸು ಕಮಲಾಪುರಕ್ಕೆ ಮರಳಿದಾಗ ವಸ್ತುಸಂಗ್ರಹಾಲಯದ ಬಾಗಿಲು ತೆರೆದಿರುತ್ತದೆ. ಶಾಲಾ ಬಸ್ಸುಗಳು ಇದನ್ನು "ಹೊತ್ತು ಉಳಿದರೆ" ಎಂಬ ಪಟ್ಟಿಗೆ ಸೇರಿಸುತ್ತವೆ. ಹೊತ್ತು ಉಳಿಯುವುದಿಲ್ಲ. ನಿಜಕ್ಕೂ ನಗರದ ಒಳಕ್ಕೆ ಹೋಗುವ ಮುನ್ನ ನೋಡಬೇಕಾದದ್ದು ಇದೇ, ಏಕೆಂದರೆ ಇಲ್ಲಿ ಇಡೀ ಹಂಪಿಯ ದೊಡ್ಡ ಮಾದರಿಯೊಂದಿದೆ. ಬೆಟ್ಟ, ನದಿ, ಕೋಟೆಗೋಡೆ, ಗುಡಿ, ರಸ್ತೆ ಎಲ್ಲವನ್ನೂ ಒಂದೇ ನೋಟಕ್ಕೆ ಮೇಲಿನಿಂದ ಕಾಣಬಹುದು. ಉತ್ತರಕ್ಕೆ ತುಂಗಭದ್ರೆ, ಅದರ ದಡಕ್ಕೆ ದೇವಾಲಯಗಳ ಸಾಲು, ನಡುವೆ ಕಾಲುವೆ ನೀರಿನ ಕಣಿವೆ, ದಕ್ಷಿಣಕ್ಕೆ ಅರಮನೆಗಳ ಆವರಣ. ಇದು ಕಣ್ಣಿಗೆ ಕೂತಮೇಲೆ ಬಸ್ಸು ಎಲ್ಲಿ ತಿರುಗಿದರೂ ದಿಕ್ಕು ತಪ್ಪುವುದಿಲ್ಲ. ಸಂಗ್ರಹದ ಚರಿತ್ರೆಯೂ ಸ್ವಾರಸ್ಯವಾದದ್ದು. ಬ್ರಿಟಿಷ್ ಅಧಿಕಾರಿಗಳು ಚೆದುರಿ ಬಿದ್ದ ಶಿಲ್ಪಗಳನ್ನು ಆರಿಸಿ ತಂದು ಕೂಡಿಟ್ಟದ್ದು ಆನೆಲಾಯದಲ್ಲಿ. ಅವು ಕಮಲಾಪುರದ ಕಟ್ಟಡಕ್ಕೆ ಬಂದದ್ದು 1972ರಲ್ಲಿ. ಶುಕ್ರವಾರ ರಜೆ. ಪ್ರವಾಸದ ದಿನ ಗೊತ್ತು ಮಾಡುವ ಮುನ್ನ ಕ್ಯಾಲೆಂಡರ್ ನೋಡಿಕೊಳ್ಳುವುದು ಒಳ್ಳೆಯದು.

ರಾಜನ ಮನೆ ಎಲ್ಲಿ?

ಅರಮನೆ ಆವರಣದಲ್ಲಿ ಇಳಿದ ಮಕ್ಕಳು ಕೇಳುವ ಮೊದಲ ಪ್ರಶ್ನೆ ಇದು. ಕೇಳಬೇಕಾದ ಪ್ರಶ್ನೆಯೂ ಹೌದು. ದೇವರ ಗುಡಿಗಳೆಲ್ಲ ನಿಂತಿವೆ, ರಾಜನ ಮನೆ ಮಾತ್ರ ಬರಿಯ ಜಗಲಿ. ಮೆಟ್ಟಿಲು ಹತ್ತಿದರೆ ಮೇಲೆ ಆಕಾಶ. "1565ರ ಯುದ್ಧದಲ್ಲಿ ಎಲ್ಲಾ ಹಾಳು ಮಾಡಿದ್ರು" ಎಂಬ ಉತ್ತರ ತಟ್ಟನೆ ಬರುತ್ತದೆ. ಆ ವರ್ಷದ ಜನವರಿಯಲ್ಲಿ ರಾಮರಾಯ ಯುದ್ಧದಲ್ಲಿ ಸತ್ತದ್ದು, ನಗರ ಲೂಟಿಯಾದದ್ದು ನಿಜ. ಆದರೆ ಅದೇ ಲೂಟಿಯನ್ನು ಕಂಡ ಗುಡಿಗಳು ಹೇಗೆ ಉಳಿದವು? ಉತ್ತರ ಆ ಜಗಲಿಯ ಮೇಲೇ ಇದೆ. ಬಾಗಿ ನೋಡಿದರೆ ಕಲ್ಲಿನಲ್ಲಿ ಸಾಲಾಗಿ ಕಂಬ ಕೂರಿಸುವ ಗುಳಿಗಳು ಕಾಣುತ್ತವೆ. ಅರಮನೆಗಳ ಕಂಬ, ಮಾಡು ಮರದವು. ಮರ ಬೆಂಕಿಗೆ ಹೋಯಿತು, ಬೆಂಕಿಗೆ ಸಿಗದದ್ದು ಕಾಲಕ್ಕೆ ಹೋಯಿತು. ವಿಯೆಟ್ನಾಮಿನ ಹಳೆಯ ರಾಜಧಾನಿ ಹ್ಯೂ ನಗರದಲ್ಲಿ 20ನೇ ಶತಮಾನದ ಯುದ್ಧಗಳಿಂದ ನೆಲಕಚ್ಚಿದ ಅರಮನೆಗಳ ಪೈಕಿ ಕೆಲವನ್ನು ಮತ್ತೆ ಕಟ್ಟಿ ನಿಲ್ಲಿಸಿದ್ದಾರೆ. ಅಲ್ಲಿನ ಪ್ರವಾಸಿಗೆ ಬಣ್ಣದ ಕಂಬ, ಹೆಂಚಿನ ಮಾಡು ಕಾಣಲು ಸಿಗುತ್ತದೆ. ಹಂಪಿಯಲ್ಲಿ ಹಾಗೆ ಮಾಡಿಲ್ಲ. ಗುಳಿಯ ಮೇಲೆ ಕಂಬವನ್ನು ನೋಡುವವರೇ ಮನಸ್ಸಿನಲ್ಲಿ ನಿಲ್ಲಿಸಿಕೊಳ್ಳಬೇಕು. ಅರ್ಧ ತಾಸು ಕಾಗದ ಪೆನ್ಸಿಲ್ ಕೊಟ್ಟರೆ ಮಕ್ಕಳು ದೊಡ್ಡವರಿಗಿಂತ ಚೆನ್ನಾಗಿಯೇ ನಿಲ್ಲಿಸುತ್ತಾರೆ.

ಮಹಾನವಮಿ ದಿಬ್ಬವನ್ನು ಓಡಿ ಹತ್ತಿ ಓಡಿ ಇಳಿಯುವುದು ಸಂಪ್ರದಾಯ. ಹತ್ತುವುದಕ್ಕೆ ಮುಂಚೆ ಒಂದು ಸುತ್ತು ಬಂದು ಬದಿಯ ಉಬ್ಬುಶಿಲ್ಪ ನೋಡಬೇಕು. ಆನೆ, ಕುದುರೆ, ಒಂಟೆ, ಬೇಟೆಗಾರರು, ಕುಣಿಯುವವರು, ಉದ್ದ ನಿಲುವಂಗಿ ತೊಟ್ಟ ಪರದೇಶಿಗಳು. ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಯಸ್ ಕೃಷ್ಣದೇವರಾಯನ ಕಾಲದಲ್ಲಿ, ಸುಮಾರು 1520ರ ಹೊತ್ತಿಗೆ, ಇಲ್ಲಿ ನವರಾತ್ರಿಯ ವೈಭವವನ್ನು ಕಣ್ಣಾರೆ ಕಂಡು ಬರೆದಿಟ್ಟಿದ್ದಾನೆ. ಗೈಡ್ ಹೇಳುವ ಎಷ್ಟೋ ವಿವರಗಳ ಮೂಲ ಇಂಥ ಪರದೇಶಿ ಬರಹಗಳು. "ಮುತ್ತು ರತ್ನಗಳನ್ನು ಬೀದಿಯಲ್ಲಿ ಸೇರಿನಿಂದ ಅಳೆದು ಮಾರುತ್ತಿದ್ದರು" ಎಂಬ ಮಾತನ್ನೇ ತೆಗೆದುಕೊಳ್ಳಿ. 1443ರಲ್ಲಿ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್ ಇಲ್ಲಿನ ಪೇಟೆಯಲ್ಲಿ ಮುತ್ತು, ಮಾಣಿಕ್ಯಗಳನ್ನು ಬಹಿರಂಗವಾಗಿ ಮಾರುವುದನ್ನು ಕಂಡು ಬೆರಗಾಗಿ ಬರೆದ. ಸೇರು ಬಳ್ಳ ಎಂಬುದು ಆಮೇಲೆ ಬಾಯಿಂದ ಬಾಯಿಗೆ ಬೆಳೆದು ಸೇರಿಕೊಂಡದ್ದು. ಕಥೆ ಕೇಳಲು ಚೆಂದ, ಕೇಳಲಿ. ಯಾವುದು ಕಂಡು ಬರೆದದ್ದು, ಯಾವುದು ಕೇಳಿ ಬೆಳೆದದ್ದು ಎಂಬುದೂ ಗೊತ್ತಿರಲಿ.

ದಿಬ್ಬದ ಹತ್ತಿರದ ಮೆಟ್ಟಿಲು ಪುಷ್ಕರಣಿ 1980ರ ದಶಕದ ಉತ್ಖನನದಲ್ಲಿ ಹೊರಬಂದದ್ದು. ಇಂದಿನ ಮಕ್ಕಳ ಅಜ್ಜಂದಿರು ಶಾಲೆಯಿಂದ ಪ್ರವಾಸ ಬಂದಿದ್ದರೆ ಅವರು ಇದನ್ನು ಕಂಡಿರಲಿಕ್ಕಿಲ್ಲ. ಆಗ ಇದು ಮಣ್ಣಿನಡಿ ಇತ್ತು. ಐದು ಹಂತಗಳಲ್ಲಿ ಇಳಿಯುವ ನುಣುಪಾದ ಕರಿಕಲ್ಲು. ಸುತ್ತಲಿನ ಬೆಟ್ಟಗಳ ಕಲ್ಲು ಇದಲ್ಲ. ಕಲ್ಲುಗಳ ಮೇಲೆ ಯಾವುದು ಯಾವ ದಿಕ್ಕಿಗೆ, ಯಾವ ಸಾಲಿಗೆ ಎಂದು ಕಲ್ಲುಕುಟಿಗರು ಕೊರೆದ ಗುರುತುಗಳಿವೆ. ರಾಜರ ಹೆಸರಿನ ಶಾಸನಗಳು ಹಂಪಿಯ ತುಂಬ ಇವೆ. ದುಡಿದವರ ಕೈಬರಹ ಎಂದು ತೋರಿಸಬಹುದಾದದ್ದು ಇಂಥ ಗುರುತುಗಳೇ.

ಹಜಾರರಾಮ ಗುಡಿಗೆ ಪ್ರವಾಸದ ವೇಳಾಪಟ್ಟಿ ಕೊಡುವುದು ಹತ್ತು ನಿಮಿಷ. ಇನ್ನೊಂದಿಪ್ಪತ್ತು ಸೇರಿಸಬೇಕು. 15ನೇ ಶತಮಾನದ ಆರಂಭದ ಈ ಗುಡಿಯ ಗೋಡೆಯ ಮೇಲೆ ಮೂರು ಸಾಲುಗಳಲ್ಲಿ ರಾಮಾಯಣ ಇದೆ. ಪ್ರದಕ್ಷಿಣೆ ಬರುತ್ತ ಕೆಳಗಿನಿಂದ ಮೇಲಕ್ಕೆ ಓದಬೇಕಾದ ಚಿತ್ರಕಥೆ ಎನ್ನಬಹುದು. ಮಕ್ಕಳಿಗೆ ಗೈಡ್ ಬೇಡವೇ ಬೇಡ ಎನಿಸುವ ಒಂದೇ ಜಾಗ ಇದು. ಮಾರೀಚನನ್ನೋ ಹನುಮಂತನನ್ನೋ ಗುರುತಿಸಿ ಅವರೇ ಕೂಗುತ್ತಾರೆ. ಆವರಣದ ಹೊರಗೋಡೆಯಲ್ಲಿ ಆನೆ, ಕುದುರೆ, ಕಾಲಾಳು, ನರ್ತಕಿಯರ ಮೆರವಣಿಗೆ. ಹೊರಗೆ ರಾಜನ ಊರು, ಒಳಗೆ ರಾಮನ ಕಥೆ.

ಕಮಲ ಮಹಲ್, ಆನೆಲಾಯ, ರಾಣಿಯ ಸ್ನಾನಗೃಹ ಇವೆಲ್ಲ ಬಳಕೆಯಲ್ಲಿ ಬಿದ್ದ ಹೆಸರುಗಳು, ವಿಜಯನಗರದ ಕಾಲದ ಫಲಕಗಳಲ್ಲ. ಹನ್ನೊಂದು ಕೋಣೆಗಳ ಗುಮ್ಮಟ ಸಾಲನ್ನು ಕಂಡರೆ ಆನೆಯ ನೆನಪಾಗುವುದು ಸಹಜ. ಆದರೆ ಅದರ ಪಕ್ಕದ, ಎತ್ತರದ ಗೋಡೆಯ ಆವರಣಕ್ಕೆ "ರಾಣಿವಾಸ" ಎಂದು ಹೆಸರು. ಆನೆಗಳ ಪಕ್ಕದಲ್ಲೇ ರಾಣಿಯರೇ ಎಂದು ಎಂಟನೇ ತರಗತಿಯ ಹುಡುಗಿ ಕೇಳಿದರೆ ಗೈಡ್ ನಗಬಾರದು; ವಿದ್ವಾಂಸರಿಗೂ ಇದೇ ಸಂಶಯವಿದೆ. ಕಮಲ ಮಹಲನ್ನು ಹಳೆಯ ನಕ್ಷೆಯೊಂದು ಮಂತ್ರಾಲೋಚನೆಯ ಮನೆ ಎಂದು ಗುರುತಿಸಿದೆ. ಜಾರ್ಜ್ ಮಿಚೆಲ್ ಮತ್ತು ಜಾನ್ ಫ್ರಿಟ್ಸ್ 1980ರಿಂದ ಎರಡು ದಶಕ ವರ್ಷವರ್ಷವೂ ಬಂದು ಇಲ್ಲಿನ ಕಲ್ಲುಕಲ್ಲನ್ನೂ ಅಳೆದು ನಕ್ಷೆ ಮಾಡಿದ ಮೇಲೂ ಎಷ್ಟೋ ಕಟ್ಟಡಗಳ ಉಪಯೋಗ ಏನಿತ್ತು ಎಂಬುದು ತೀರ್ಮಾನವಾಗಿಲ್ಲ. ಪರೀಕ್ಷೆಯ ಪುಸ್ತಕದಲ್ಲಿ ಎಲ್ಲಕ್ಕೂ ಉತ್ತರ ಕಂಡು ಅಭ್ಯಾಸವಾದ ಮಕ್ಕಳಿಗೆ ಇದು ಒಳ್ಳೆಯ ಸುದ್ದಿ.

ಬಸ್ಸು ನಿಲ್ಲದ ಎರಡು ಜಾಗ

ಊಟವಾಯಿತು. ಚಿತ್ರಾನ್ನ, ಮೊಸರನ್ನ, ಬಾಳೆಹಣ್ಣು. ಇನ್ನು ವಿಠ್ಠಲ ದೇವಾಲಯ. ಹೋಗುವ ಮುನ್ನ ಎರಡು ಕಡೆ ಇಳಿದರೆ ಅರ್ಧ ಗಂಟೆ ಖರ್ಚು. ಎರಡೂ ವೇಳಾಪಟ್ಟಿಯಲ್ಲಿ ಇರುವುದಿಲ್ಲ.

ಒಂದು ಕಮಲಾಪುರದಿಂದ ಕಂಪ್ಲಿಗೆ ಹೋಗುವ ರಸ್ತೆ ಬದಿಯ ಗಾಣಗಿತ್ತಿ ಬಸದಿ. ಜನ ಗಾಣಗಿತ್ತಿಯ ಗುಡಿ ಎಂದರೂ ಎದುರಿನ ದೀಪಸ್ತಂಭದ ಶಾಸನ ಹೇಳುವುದು ಬೇರೆ: 1385ರಲ್ಲಿ ಎರಡನೇ ಹರಿಹರನ ದಂಡನಾಯಕ ಇರುಗಪ್ಪ ಕಟ್ಟಿಸಿದ ಕುಂಥು ಜಿನನಾಥನ ಚೈತ್ಯಾಲಯ ಇದು. ಇನ್ನೊಂದು ತಳವಾರಘಟ್ಟದ ದಾರಿಯ ಕಡೆಯ ಅಹಮದ್ ಖಾನನ ಮಸೀದಿ. ಎರಡನೇ ದೇವರಾಯನ ಸೇವೆಯಲ್ಲಿದ್ದ ಈ ಅಧಿಕಾರಿ 1439ರಲ್ಲಿ ತನ್ನ ದೊರೆಗೆ ಪುಣ್ಯವಾಗಲಿ ಎಂದು ಕಟ್ಟಿಸಿದ ಧರ್ಮಶಾಲೆ ಎಂದು ಅಲ್ಲಿನ ಶಾಸನ ಹೇಳುತ್ತದೆ. ಕಟ್ಟಡದಲ್ಲಿ ಗುಮ್ಮಟವಿಲ್ಲ, ಗುಡಿಯ ಮಂಟಪದಂಥದೇ ಕಂಬಗಳು. ವಿಜಯನಗರವನ್ನು ಎರಡು ಧರ್ಮಗಳ ಯುದ್ಧದ ಕಥೆಯಾಗಿ ಮಾತ್ರ ಕೇಳಿ ಬಂದ ಮಗು ಈ ಎರಡು ಕಟ್ಟಡಗಳ ಮುಂದೆ ನಿಂತರೆ ಆ ಕಥೆಗೆ ಅಲ್ಲೇ ಇನ್ನೆರಡು ಪುಟ ಸೇರುತ್ತವೆ. ಎರಡಕ್ಕೂ ಟಿಕೆಟ್ ಇಲ್ಲ, ಸರದಿ ಇಲ್ಲ. ಕುರಿ ಮೇಯಿಸುವವರು ಇದ್ದರೂ ಇದ್ದಾರು.

ವಿಠ್ಠಲ ದೇವಾಲಯಕ್ಕೆ ಕೊನೆಯ ಹಾದಿ ಬ್ಯಾಟರಿ ಗಾಡಿಯಲ್ಲಿ, ಇಲ್ಲವೇ ಕಾಲ್ನಡಿಗೆಯಲ್ಲಿ. ಹೈಸ್ಕೂಲು ಮಕ್ಕಳಿಗೆ ನಡಿಗೆಯೇ ಮೇಲು. ದಾರಿಯುದ್ದಕ್ಕೂ ಹಳೆಯ ತೇರುಬೀದಿಯ ಕಂಬಸಾಲು ಸಿಗುತ್ತದೆ. ಒಳಗೆ ಹೋದೊಡನೆ ಎಲ್ಲರೂ ಕಲ್ಲಿನ ರಥಕ್ಕೆ ಮುಗಿಬೀಳುತ್ತಾರೆ. 2017ರಿಂದ ಐವತ್ತರ ನೋಟಿನ ಮೇಲೂ ಇದೇ ಚಿತ್ರ. ಜೇಬಿನಿಂದ ನೋಟು ತೆಗೆದು ಹೋಲಿಸಿ ನೋಡುವ ಆಟ ಚೆನ್ನಾಗಿದೆ. ಅದನ್ನು ಇನ್ನೊಂದು ಹೆಜ್ಜೆ ಮುಂದೆ ಒಯ್ಯಬಹುದು. "ಏಕಶಿಲಾ ರಥ" ಎನ್ನುತ್ತಾರಲ್ಲ, ಕಲ್ಲು ಕೂಡಿದ ಸಂದುಗಳನ್ನು ಹುಡುಕಲು ಹೇಳಿ. ಸಿಗುತ್ತವೆ, ಇದು ಹಲವು ಕಲ್ಲುಗಳನ್ನು ಜೋಡಿಸಿ ಕಟ್ಟಿದ ಗರುಡನ ಗುಡಿ. ಎದುರಿಗಿರುವ ಆನೆಗಳ ಹಿಂದೆ ಕುದುರೆಯ ಹಿಂಗಾಲು, ಬಾಲಗಳ ಅವಶೇಷ ಇವೆ. ರಥಕ್ಕೆ ಮೊದಲು ಹೂಡಿದ್ದು ಕುದುರೆ, ಆನೆಗಳು ಆಮೇಲೆ ಬಂದವು. ಮೇಲೆ ಇಟ್ಟಿಗೆಯ ಗೋಪುರವೊಂದಿತ್ತು. ಅಲೆಗ್ಸಾಂಡರ್ ಗ್ರೀನ್‌ಲಾ 1856ರಲ್ಲಿ ತೆಗೆದ ಛಾಯಾಚಿತ್ರದಲ್ಲಿ ಅದು ಕಾಣುತ್ತದೆ. ಈಗಿಲ್ಲ.

ಸಂಗೀತ ಕಂಬಗಳನ್ನು ಈಗ ಬಡಿಯುವಂತಿಲ್ಲ. "ಒಂದ್ಸಲ ಬಾರಿಸಿ ತೋರಿಸ್ರಿ" ಎಂದು ಗೈಡ್‌ನ ಕಿವಿಯಲ್ಲಿ ಹೇಳುವ ಹಿರಿಯರು ಇರುತ್ತಾರೆ. ಎಳೆಯ ಕಂಬಗಳಿಗೆ ಸಾವಿರಾರು ಕೈಗಳ ಪೆಟ್ಟು ಬಿದ್ದದ್ದರಿಂದಲೇ ನಿಷೇಧ ಬಂದದ್ದು. ಕಲ್ಲಿಗೇನಾಗುತ್ತದೆ ಎನ್ನುವವರಿಗೆ 2019ರ ಪ್ರಕರಣ ನೆನಪಿಸಬೇಕು. ಆನೆಲಾಯದ ಹಿಂದಿನ ವಿಷ್ಣು ಗುಡಿಯ ಬಳಿ ಯುವಕರು ಕಂಬವನ್ನು ತಳ್ಳಿ ಬೀಳಿಸುವ ವಿಡಿಯೊ ಆ ವರ್ಷದ ಫೆಬ್ರುವರಿಯಲ್ಲಿ ಎಲ್ಲೆಡೆ ಹರಿದಾಡಿತು. ಸಿಕ್ಕಿಬಿದ್ದ ನಾಲ್ವರಿಗೆ ನ್ಯಾಯಾಲಯ ತಲಾ 70,000 ರೂಪಾಯಿ ದಂಡ ಹಾಕಿತು. ಬೀಳಿಸಿದ ಕಂಬಗಳನ್ನು ಅವರ ಕೈಯಿಂದಲೇ ಎತ್ತಿ ನಿಲ್ಲಿಸುವಂತೆ ಮಾಡಿತು. ಐನೂರು ವರ್ಷ ನಿಂತದ್ದನ್ನು ಕೆಡವಲು ಬೇಕಾದದ್ದು ಕೆಲವೇ ಸೆಕೆಂಡು. ಮತ್ತೆ ನಿಲ್ಲಿಸುವಾಗ ಎಷ್ಟು ಜನ, ಎಷ್ಟು ಹಗ್ಗ, ಎಷ್ಟು ಹೊತ್ತು ಬೇಕಾಯಿತು ಎಂಬುದು ಆ ನಾಲ್ವರಿಗೆ ಚೆನ್ನಾಗಿ ಗೊತ್ತು.

ಕೆಲವು ಕೈಗೆ ಸಿಗುವ ಮಾತುಗಳು. ವಿಠ್ಠಲ ದೇವಾಲಯ, ಕಮಲ ಮಹಲ್ ಆವರಣ, ಕಮಲಾಪುರದ ವಸ್ತುಸಂಗ್ರಹಾಲಯ ಮೂರಕ್ಕೂ ಒಂದೇ ದಿನಕ್ಕೆ ಒಂದೇ ಟಿಕೆಟ್ ನಡೆಯುತ್ತದೆ, ಅದನ್ನು ಬಿಸಾಡಬಾರದು. 15 ವರ್ಷದೊಳಗಿನವರಿಗೆ ಟಿಕೆಟ್ ಬೇಡ. ವಯಸ್ಸಿನ ದಾಖಲೆಯಾಗಿ ಶಾಲೆಯ ಪತ್ರ ಇರಲಿ. ನೀರಿನ ಬಾಟಲಿ, ಟೋಪಿ ಮರೆಯಬಾರದು. ಚಳಿಗಾಲದಲ್ಲೂ ಮಧ್ಯಾಹ್ನದ ಬಂಡೆ ಸುಡುತ್ತದೆ. ನದಿಗೆ ಇಳಿಯುವುದು ಬೇಡವೇ ಬೇಡ. ತುಂಗಭದ್ರೆಯ ಸುಳಿ ಹೊರಗಿನವರಿಗೆ ಕಾಣುವುದಿಲ್ಲ.

ಉಳಿದದ್ದು ಟಿ.ಬಿ. ಡ್ಯಾಂನ ಸಂಗೀತ ಕಾರಂಜಿ. ಬೆಳಗಿನಿಂದ ಮಕ್ಕಳು ಕಾದಿರುವುದು ಅದಕ್ಕೇ, ತಪ್ಪಿಸಿದರೆ ಪಾಪ ಬರುತ್ತದೆ. ಆದರೆ ಕಾರಂಜಿ ಶುರುವಾಗುವುದು ಕತ್ತಲಾದ ಮೇಲೆ. ಅದಕ್ಕೆ ಮುಂಚೆ ಕಂಪ್ಲಿ ರಸ್ತೆಯ ಮಾಲ್ಯವಂತ ಬೆಟ್ಟಕ್ಕೆ ಬಸ್ಸು ತಿರುಗಿಸಿದರೆ, ರಘುನಾಥ ಗುಡಿಯ ಹಿಂದಿನ ಬಂಡೆಯ ಮೇಲಿಂದ ಪಡುವಣಕ್ಕೆ ಇಡೀ ಬಯಲು ಕಾಣುತ್ತದೆ. ಬೆಳಿಗ್ಗೆ ಮಾದರಿಯಲ್ಲಿ ನೋಡಿದ ಊರನ್ನು ಈಗ ಸಂಜೆ ಬಿಸಿಲಿನಲ್ಲಿ ನಿಜವಾಗಿ ನೋಡುತ್ತ, ಯಾವ ಗೋಪುರ ಯಾವುದು ಎಂದು ಮಕ್ಕಳೇ ಗೈಡ್‌ಗೆ ತೋರಿಸಲಿ. ಆರಕ್ಕೆ ಅಲ್ಲಿಂದ ಹೊರಟರೂ ಕಾರಂಜಿಗೆ ತಡವಾಗುವುದಿಲ್ಲ.